ಎಲ್ಲರೂ ನನ್ನ ಹಾಗೇ ಕೂತಿದ್ರು

ಪರದೆಯ ಮೇಲೆ ಹಳ್ಳಿಯ ಬಡವನೊಬ್ಬ ಹೆಂಡತಿ ಮಕ್ಕಳನ್ನು ಬಿಟ್ಟು ಪಟ್ಟಣಕ್ಕೆ ದುಡಿಯಲು ಹೊರಟಿದ್ದ. ಹೊಸ್ತಿಲಲ್ಲಿ ನಿಂತ ಹೆಂಡತಿಯ ತುಟಿ ಅಲುಗಿತು. ಅದು ಮಾತಿಲ್ಲದ ಹಳೆಯ ಜಪಾನಿ ಸಿನಿಮಾ. ಆಕೆ ಹೇಳಿದ್ದೇನೆಂದು ಬರಹದಲ್ಲೂ ತೋರಿಸಲಿಲ್ಲ.

"ಹೋಗ್ಬೇಡಿ ಅಂತಿದ್ದಾಳಾ?" ಎಂದು ಪಕ್ಕದಲ್ಲಿದ್ದ ನನ್ನ ಗಂಡನನ್ನು ಕೇಳಿದೆ.

ಪರದೆಯ ಬೆಳಕಿನಲ್ಲಿ ನನ್ನ ತುಟಿ ನೋಡಿ ತಿಳಿದುಕೊಂಡು, "ಅಲ್ಲ ಮಾರಾಯ್ತಿ, ಉಂಡು ಹೋಗಿ ಅಂತಿದ್ದಾಳೆ" ಎಂದರು. ಮರುಕ್ಷಣವೇ ಆಕೆ ಒಳಗಿನಿಂದ ಒಂದು ಬಟ್ಟಲು ಅನ್ನ ತಂದಳು. ಮನೆಯಲ್ಲಿ ಉಳಿದದ್ದು ಅಷ್ಟೇ.

ಅಬುಧಾಬಿಯ ಮುಸಫ್ಫಾದ ವರ್ಕ್‌ಶಾಪಿನಲ್ಲಿ ವರ್ಷಗಟ್ಟಲೆ ಕಬ್ಬಿಣ ಬಡಿಯುವ ಸದ್ದಿನ ನಡುವೆ ದುಡಿದು ಇವರ ಕಿವಿ ಮಂದವಾಗಿದೆ. ನಾಲ್ಕು ಜನ ಸೇರಿದಲ್ಲಿ ಮಾತು ತಿಳಿಯದೆ ಸುಮ್ಮನೆ ನಗುತ್ತಿದ್ದರು. ಕೊನೆಗೆ ಎಲ್ಲಿಗೂ ಬರುವುದನ್ನೇ ಬಿಟ್ಟರು. ದುಬೈಯಲ್ಲಿ ಮೂಕಿ ಚಿತ್ರ ತೋರಿಸುತ್ತಾರೆಂದು ತಿಳಿದು ನಾನೇ ಒತ್ತಾಯಿಸಿ ಕರೆತಂದಿದ್ದೆ.

ಸಿನಿಮಾ ಮುಗಿದು ದೀಪ ಹತ್ತಿದಾಗ ಇವರು ಕಣ್ಣೊರೆಸಿಕೊಂಡು, "ಇವತ್ತು ಎಲ್ಲರೂ ನನ್ನ ಹಾಗೇ ಕೂತಿದ್ರು ನೋಡು" ಎಂದರು.

ಅಬುಧಾಬಿಗೆ ಮರಳುವ ದಾರಿಯುದ್ದಕ್ಕೂ ಆ ಹೆಂಗಸಿನ, ಆ ಮಕ್ಕಳ ಕಥೆಯನ್ನು ನಾನು ನೋಡಿಯೇ ಇಲ್ಲವೇನೋ ಎಂಬಂತೆ ನನಗೆ ಹೇಳುತ್ತಾ ಬಂದರು. ನಾನು ನಡುವೆ ಬಾಯಿ ಹಾಕಲಿಲ್ಲ. ಅವರು ಇಷ್ಟೊಂದು ಮಾತಾಡಿದ್ದನ್ನು ಕೇಳಿ ಎಷ್ಟು ಕಾಲವಾಗಿತ್ತೋ!