ಪೂರ್ವಕ್ಕೆ ಚಕ್ಕೋತದ ಮರ

ದೇವನಹಳ್ಳಿ ಹತ್ತಿರದ ಹಳ್ಳಿಯ ಲಕ್ಕಮ್ಮನಿಗೆ ಓದು ಬರಹ ಬಾರದು. ಕಾನೂನಿನ ಒಂದೇ ಒಂದು ಮಾತು ಮಾತ್ರ ವಕೀಲರಿಗಿಂತ ಚೆನ್ನಾಗಿ ಬರುತ್ತಿತ್ತು: ಕೋರ್ಟು ಒಮ್ಮೆ ತೀರ್ಮಾನಿಸಿದ ಜಗಳವನ್ನು ಅದೇ ಜನ ಮತ್ತೆ ಕೋರ್ಟಿಗೆ ತರುವಂತಿಲ್ಲ. ಸಾರಿಗೆ ಉಪ್ಪು ಕಡಿಮೆಯೆಂದು ಸೊಸೆ ವಾಣಿಶ್ರೀ ಎರಡನೇ ಸಲ ಅಂದರೆ, "ಅದು ಆಗ್ಲೇ ತೀರ್ಮಾನ ಆಗೋಯ್ತು ಕಣಮ್ಮಿ, ಮತ್ತೆ ಎತ್ತಂಗಿಲ್ಲ" ಎನ್ನುತ್ತಿದ್ದಳು. ಶಿವಗಂಗೆಯ ಹರಕೆ ಬಾಕಿಯಿದೆ ಎಂದು ಪೂಜಾರಿ ನೆನಪಿಸಿದರೂ ಅದೇ ಉತ್ತರ. ದೇವರು ಮೇಲ್ಮನವಿ ಹಾಕಲಿಲ್ಲ.

ಈ ಜ್ಞಾನ ಹಿತ್ತಲಿನ ಹತ್ತಡಿ ಜಾಗದಿಂದ ಬಂದದ್ದು. ಗಂಡ ತೀರಿಕೊಂಡ ವರ್ಷ ಪಕ್ಕದ ಮನೆಯ ಮೈದುನ ಅಪ್ಪಯ್ಯಣ್ಣ ಅದು ತನ್ನದೆಂದು ಬೇಲಿ ಹಾಕಲು ಬಂದ. ಲಕ್ಕಮ್ಮ ದಾವೆ ಹೂಡಿದಳು. "ನಡುವೆ ಚಕ್ಕೋತದ ಮರ ಐತೆ ಸ್ವಾಮಿ. ಮರ ಅವಂದು, ಅದ್ರಿಂದೀಚೆ ನಂದು" ಎಂದು ಪ್ರಮಾಣ ಮಾಡಿ ಹೇಳಿ ಗೆದ್ದಳು. ಮರ ನೆಟ್ಟವಳು ಅವಳೇ, ಮದುವೆಯಾಗಿ ಬಂದ ಹೊಸತರಲ್ಲಿ. ಆದರೆ ಅದು ಅಲ್ಲಿಯವರೆಗೆ ಒಂದು ಹಣ್ಣೂ ಬಿಟ್ಟಿರಲಿಲ್ಲ. ಗೊಡ್ಡು ಮರ ಕೊಟ್ಟು ಹತ್ತಡಿ ಹೊಡೆದೆನೆಂದು ಬಸ್ಸಿನುದ್ದಕ್ಕೂ ನಗುತ್ತ ಬಂದಳು.

ಮುಂದಿನ ವರ್ಷವೇ ಮರ ಕೊಂಬೆ ಬಾಗುವಷ್ಟು ಕಾಯಿ ಹೊತ್ತು ನಿಂತಿತು.

ಅಪ್ಪಯ್ಯಣ್ಣ ಸುಮ್ಮನಿರಲಿಲ್ಲ. ಅದೇ ಹತ್ತಡಿಗೆ ಒಮ್ಮೆ ತನ್ನ ಹೆಸರಲ್ಲಿ ದಾವೆ ಹೂಡಿದ, ಇನ್ನೊಮ್ಮೆ ಹೊಸ ನಕ್ಷೆ ಹಿಡಿದು ಹೂಡಿದ, ಮತ್ತೊಮ್ಮೆ ಹೆಂಡತಿಗೆ ದಾನಪತ್ರ ಬರೆದು ಅವಳ ಕೈಲಿ ಹೂಡಿಸಿದ. ಹೆಸರು, ನಕ್ಷೆ ಬದಲಾದರೆ ಜಗಳ ಹೊಸದಾಗುವುದಿಲ್ಲ ಎಂದು ಮೂರೂ ವಜಾ ಆದವು. ಇಬ್ಬರೂ ಮಾತಾಡಿ ಇಪ್ಪತ್ತಾರು ವರ್ಷವಾಯಿತು. ಹಣ್ಣು ಈಚೆ ಬಿದ್ದರೆ ಲಕ್ಕಮ್ಮ ಬಾಯಿಗಿಡದೆ ಕಾಲಲ್ಲಿ ಆಚೆ ನೂಕುತ್ತಿದ್ದಳು.

ಈ ವರ್ಷ ಅಪ್ಪಯ್ಯಣ್ಣ ಕಾಂಪೌಂಡ್ ಕಟ್ಟಲು ದಾರ ಎಳೆಸಿದ. ಮರ ಅಡ್ಡ ಬಂತು. ಸೋಮವಾರ ಕಡಿಸುತ್ತಾನೆಂದು ಸುದ್ದಿ. ಲಕ್ಕಮ್ಮ ವಕೀಲ ಮನೋಹರನ ಬಳಿಗೆ ಓಡಿದಳು.

"ನಾನು ನೆಟ್ಟಿದ್ ಮರ ಕಣಪ್ಪಾ. ಒಂದು ಕೇಸ್ ಹಾಕು."

"ಮರ ಅವ್ರದು ಅಂತ ನೀವೇ ಹೇಳಿ ತೀರ್ಪು ತಗೊಂಡಿದ್ದೀರಲ್ಲ ಅಜ್ಜಿ."

"ಮರ ಬ್ಯಾಡ, ಹಣ್ಣಿಗೆ ಹಾಕು. ಹಣ್ಣಿನ್ ವಿಚಾರ ಆಗ ಯಾರೂ ಎತ್ತಿಲ್ಲ."

"ಎತ್ತಬೇಕಾಗಿದ್ದನ್ನ ಆಗ್ಲೇ ಎತ್ತಬೇಕಿತ್ತು. ಎತ್ತದೆ ಬಿಟ್ರೆ ಅದೂ ತೀರ್ಮಾನ ಆದಂಗೇ."

"ಯಾವನಪ್ಪ ಈ ಕಾನೂನು ಮಾಡ್ದೋನು?"

"ನಿಮ್ಮನ್ನ ಮೂರ್ ಸಲ ಗೆಲ್ಸಿದ್ದು ಅದೇ ಕಾನೂನು ಅಜ್ಜಿ."

ಮನೆಗೆ ಬಂದವಳು ಹಳೆಯ ತೀರ್ಪನ್ನು ಟ್ರಂಕಿನಿಂದ ತೆಗೆದು ಸೊಸೆಯಿಂದ ಓದಿಸಿದಳು. ಗಡಿಗಳ ಪಟ್ಟಿ ಬಂತು: "ಪೂರ್ವಕ್ಕೆ, ಪ್ರತಿವಾದಿಯ ಚಕ್ಕೋತದ ಮರ."

"ಇನ್ನೊಂದ್ಸಲ ಓದು."

"ಓದಾಯ್ತಲ್ಲ ಅತ್ತೆ, ಮತ್ತೆ ಎತ್ತಂಗಿಲ್ಲ" ಎಂದಳು ವಾಣಿಶ್ರೀ. ಆದರೂ ಓದಿದಳು.

ಸೋಮವಾರ ಬೆಳಿಗ್ಗೆ ಗರಗಸದವರು ಬರುವ ಮೊದಲೇ ಲಕ್ಕಮ್ಮ ತೀರ್ಪಿನ ಕಾಗದ ಹಿಡಿದು ಮರದ ಬುಡದಲ್ಲಿದ್ದಳು. ಅವರೊಂದಿಗೆ ಅಪ್ಪಯ್ಯಣ್ಣ ಬಂದಾಗ, ತಲೆಯ ಮೇಲೆ ವಿಮಾನ ದಾಟುವವರೆಗೆ ಕಾದು, ಅವನೆದುರು ಬಾಯಿ ತೆರೆದಳು.

"ಮರ ನಿಂದೇ ಕಣಪ್ಪಾ, ಕಡಿ. ಆದ್ರೆ ಪೂರ್ವದ್ ಗಡಿ ಈ ಮರ ಅಂತ ಜಡ್ಜ್ ಸಾಹೇಬ್ರು ಬರ್ದವ್ರೆ. ಅವರಿಟ್ ಗಡೀನ ನೀನು ಕಿತ್ತಾಕ್ದೆ ಅಂತ ನಾಳೆನೇ ಹೋಗ್ತೀನಿ. ಹೊಸ ಕೇಸಲ್ಲ, ಹಳೇ ತೀರ್ಪೇ."

ಈ ಮಾತು ಕೋರ್ಟಿನಲ್ಲಿ ನಿಲ್ಲುತ್ತದೆಯೇ ಎಂದು ಮನೋಹರನನ್ನು ಕೇಳಿರಲಿಲ್ಲ. ಇಲ್ಲವೆನ್ನುತ್ತಾನೆಂಬ ಗುಮಾನಿಯಿಂದಲೇ ಕೇಳಿರಲಿಲ್ಲ. ಅದೇ ಕಾಗದದಿಂದ ಮೂರು ಸಲ ಪೆಟ್ಟು ತಿಂದಿದ್ದ ಅಪ್ಪಯ್ಯಣ್ಣ ಮರ ನೋಡಿದ, ಕಾಗದ ನೋಡಿದ, ದಾರವನ್ನು ಎರಡಡಿ ತನ್ನ ಕಡೆಗೇ ಎಳೆಸಿದ.

"ಸತ್ಮೇಲೆ ಯಮನ್ನೂ ಕೋರ್ಟಿಗೆಳೀತೀಯ ಅತ್ಗೆ ನೀನು."

"ಎಳೀತೀನಿ. ಸಾಕ್ಷಿಗೆ ನಿನ್ನೇ ಕರಸ್ತೀನಿ."

ಗೋಡೆ ಎದ್ದಿತು. ಅಪ್ಪಯ್ಯಣ್ಣನ ಮರ ಲಕ್ಕಮ್ಮನ ಹಿತ್ತಲ ಕಡೆ ಉಳಿಯಿತು. ಹಣ್ಣು ಬಲಿತಾಗ ಅವನು ಬುಟ್ಟಿ ಹಿಡಿದು ಅವಳ ಮುಂಬಾಗಿಲಿಗೇ ಬರಬೇಕಾಯಿತು.

"ನನ್ ಹಣ್ ಕೀಳ್ಬೇಕು. ದಾರಿ ಬಿಡು."

"ನಿಲ್ಲು, ಮುಳ್ಳೈತೆ. ದೋಟಿ ತರ್ತೀನಿ."

ಅವನು ಮೊದಲ ಹಣ್ಣನ್ನು ಅಲ್ಲೇ ಸುಲಿದು ಅರ್ಧ ಅವಳ ಕೈಗಿಟ್ಟ. ಲಕ್ಕಮ್ಮ ಕೆಂಪು ತೊಳೆಯೊಂದನ್ನು ಬಿಡಿಸಿ ಬಾಯಿಗೆ ಹಾಕಿಕೊಂಡು ಕಣ್ಣು ಮುಚ್ಚಿದಳು. ಬಹಳ ಹೊತ್ತು ತೆರೆಯಲೇ ಇಲ್ಲ.

"ಸಿಹಿ ಐತಾ ಅತ್ಗೆ?"

"ಇನ್ನೂ ತೀರ್ಮಾನ ಆಗಿಲ್ಲ. ಇನ್ನೊಂದ್ ಕೀಳು."