ಅಕ್ಕತಂಗಿಯರು ಎಂದು ನಾನು ಟೈಪು ಮಾಡಿದ್ದು

ತೊಂಬತ್ತರ ದಶಕದ ನಡುವಿನಲ್ಲಿ ನಾನು ಪಾಂಡವಪುರದಲ್ಲಿ ಒಂದು ಟೈಪಿಂಗ್ ಇನ್‌ಸ್ಟಿಟ್ಯೂಟ್ ನಡೆಸುತ್ತಿದ್ದೆ. ಐದು ಮಿಷನ್ನು, ಅದರಲ್ಲಿ ಎರಡು ಕನ್ನಡದವು. ನನಗಾಗಲೇ ನಲವತ್ತು ದಾಟಿತ್ತು. ಬಾಗಿಲಿಗೆ ಬೀಗ ಹಾಕಿ ಬಸ್ ಸ್ಟ್ಯಾಂಡಿನವರೆಗೆ ನಡೆದು, ಹಾಕಿದೆನೋ ಇಲ್ಲವೋ ಎಂದು ವಾಪಸು ಬಂದು ಎಳೆದು ನೋಡುವವಳು ನಾನು. ಬೀಗ ಪ್ರತಿಸಲವೂ ಹಾಕಿಯೇ ಇರುತ್ತಿತ್ತು. ಅದರಿಂದ ನಾನೇನೂ ಕಲಿಯಲಿಲ್ಲ.

ಶ್ರೀರಂಗಪಟ್ಟಣದ ಗಂಜಾಂನಲ್ಲಿ ಮನೆ ಮಾಡಿಕೊಂಡಿದ್ದ, ಇತಿಹಾಸ ಪಾಠ ಮಾಡುವ ಮೇಡಂ ಒಬ್ಬರು ತಮ್ಮ ಪುಸ್ತಕಗಳ ಹಸ್ತಪ್ರತಿಯನ್ನು ನನ್ನ ಹತ್ತಿರ ತರುತ್ತಿದ್ದರು. ಅಲ್ಲಿದ್ದುಕೊಂಡು ಕೋಟೆಯ ಬಗ್ಗೆ ಬರೆಯದ ಇತಿಹಾಸದವರನ್ನು ನಾನು ನೋಡಿದ್ದು ಅವರೊಬ್ಬರನ್ನೇ. ಬರೆದರೂ, ಗೋಡೆಗೆ ಗಾರೆ ಅರೆದ ಹೆಂಗಸರು ಮಕ್ಕಳನ್ನು ಎಲ್ಲಿ ಮಲಗಿಸುತ್ತಿದ್ದರು ಎಂದು ಕೇಳುತ್ತಿದ್ದರು. ಮೊದಲ ಪುಸ್ತಕ ಚಿನಕುರಳಿ ಕಡೆಯ ಕಲ್ಲು ಒಡೆಯುವ ಹೆಂಗಸರದ್ದು. ಎರಡನೆಯದು ಸೂಲಗಿತ್ತಿಯರದ್ದು. ಕಲ್ಲು ಒಡೆಯುವವಳ ಒಂದು ಮಾತಿಗೂ ಅವರು ರಾಜನ ಶಾಸನಕ್ಕೆ ಹಾಕುವಂಥ ಅಡಿಟಿಪ್ಪಣಿ ಹಾಕುತ್ತಿದ್ದರು: ಯಾರು ಹೇಳಿದ್ದು, ಎಲ್ಲಿ ಕೂತು, ಯಾವ ತಿಂಗಳು. ಆ ಟಿಪ್ಪಣಿಗಳನ್ನು ಪುಟದ ಕೆಳಗೆ ಹಿಡಿಸುವುದರಲ್ಲಿ ನನ್ನ ಸೊಂಟ ಬಿದ್ದುಹೋಗುತ್ತಿತ್ತು. ಬೈದುಕೊಳ್ಳುತ್ತಲೇ ಟೈಪು ಮಾಡಿದೆ, ಟೈಪು ಮಾಡುತ್ತಲೇ ಅವರ ಅಭಿಮಾನಿಯಾದೆ.

ಮೂರನೆಯ ಪುಸ್ತಕ ಹೆಣ್ಣನ್ನು ಒಲಿದು, ಹೆಣ್ಣಿನ ಜೊತೆ ಸಂಸಾರ ಮಾಡಿದ ಹೆಂಗಸರದ್ದು. ಮೊದಲ ಪುಟದಲ್ಲೇ ‘ಲೆಸ್ಬಿಯನ್’ ಎಂಬ ಮಾತಿತ್ತು. ನಾನು ಎದ್ದು ಹೋಗಿ ಕಿಟಕಿ ಮುಚ್ಚಿದೆ. ಪರೀಕ್ಷೆಗೆ ಕಲಿಯಲು ಬರುವ ಹೆಣ್ಣುಮಕ್ಕಳು ಇಣುಕಿದರೆ? ಅವರ ಅಪ್ಪಂದಿರು ಬಂದರೆ? ಬೋರ್ಡು ಕಿತ್ತುಹಾಕಿದರೆ? ಇಷ್ಟೆಲ್ಲ ಯೋಚಿಸಿದ ಮೇಲೂ ಬರಹ ಎಷ್ಟು ಚೆನ್ನಾಗಿತ್ತೆಂದರೆ, ಊಟ ಬಿಟ್ಟು ಓದಿದೆ.

ಅದರ ನಾಲ್ಕನೆಯ ಅಧ್ಯಾಯ ದೇವಲಾಪುರದ ಹತ್ತಿರದ ಹಳ್ಳಿಯ ಇಬ್ಬರು ಹೆಂಗಸರದ್ದು. ಒಬ್ಬರು ಕೆ.ಆರ್. ಪೇಟೆ ಕಡೆಯ ಗಂಡನ ಮನೆ ಬಿಟ್ಟು ಇನ್ನೊಬ್ಬರ ಮನೆಗೆ ಬಂದವರು. ಇಪ್ಪತ್ತೈದು ವರ್ಷದಿಂದ ಒಟ್ಟಿಗೆ ಹೊಲ ಉಳುತ್ತ, ರಾಗಿ, ಹುರುಳಿ ಬೆಳೆದುಕೊಂಡಿದ್ದರು. ಪುಸ್ತಕದಲ್ಲಿ ಅವರ ಹೆಸರಿಲ್ಲ, ಊರಿನ ಹೆಸರಿಲ್ಲ. ಆದರೂ ನನಗೆ ಅವರ ಮನೆಯ ಮೇಲೆ ಕಲ್ಲು ಬೀಳುವುದು ಕಣ್ಣಿಗೆ ಕಟ್ಟಿತು. ‘ಗಂಡಹೆಂಡಿರಂತೆ ಬಾಳಿದರು’ ಎಂದಿದ್ದಲ್ಲೆಲ್ಲ ‘ಅಕ್ಕತಂಗಿಯರಂತೆ ಬಾಳಿದರು’ ಎಂದು ಹೊಡೆದುಬಿಟ್ಟೆ. ಒಂಬತ್ತು ಕಡೆ. ಕಾರ್ಬನ್ ಇಟ್ಟು ಮೂರು ಪ್ರತಿ. ಒಳ್ಳೆಯದು ಮಾಡಿದೆ ಎಂದು ಆವತ್ತು ನೆಮ್ಮದಿಯಾಗಿ ಮಲಗಿದೆ ಕೂಡ. ನನಗೆ ನೆಮ್ಮದಿ ಬಂದಾಗಲೇ ನಾನು ಅನುಮಾನಪಡಬೇಕಿತ್ತು.

ಪ್ರತಿಯನ್ನು ಬಸ್ ಸ್ಟ್ಯಾಂಡಿಗೇ ತನ್ನಿ ಎಂದು ಮೇಡಂ ಹೇಳಿಕಳಿಸಿದ್ದರು; ಹೋದರೆ ನಾಗಮಂಗಲದ ಬಸ್ಸಿನ ಬಾಗಿಲಲ್ಲೇ ನಿಂತಿದ್ದರು. “ನೀವೂ ಹತ್ತಿ. ನಾಲ್ಕನೇ ಅಧ್ಯಾಯದ ಇಬ್ಬರೂ, ಟೈಪು ಮಾಡಿದವರನ್ನ ಊಟಕ್ಕೆ ಕರ್ಕೊಂಡು ಬನ್ನಿ ಅಂದಿದ್ದಾರೆ. ಪ್ರೆಸ್ಸಿಗೆ ಕೊಡೋ ಮುಂಚೆ ಅವರ ಮುಂದೆ ಒಂದು ಸಲ ಓದಿಬಿಡೋಣ.”

ಓದುವುದು! ತಮಗೆ ಬದುಕು ಹೇಳಿದವರ ಮುಂದೆ ಕೂತು ಪ್ರತಿ ಸಾಲನ್ನೂ ಓದಿ ಒಪ್ಪಿಗೆ ಪಡೆಯದೆ ಅವರು ಒಂದು ಪುಟವನ್ನೂ ಅಚ್ಚಿಗೆ ಕೊಡುತ್ತಿರಲಿಲ್ಲವಂತೆ. ನನಗೆ ಗೊತ್ತೇ ಇರಲಿಲ್ಲ. ನಾಗಮಂಗಲದವರೆಗೆ ಹೇಳಿಬಿಡಲೇ ಎಂದುಕೊಂಡೆ. ನಾಗಮಂಗಲದಲ್ಲಿ ಬಸ್ಸು ಬದಲಾಯಿಸಿದೆವು. ದೇವಲಾಪುರದವರೆಗೆ, ಕಣ್ಣು ತಪ್ಪಿ ಆ ಸಾಲು ಬಿಟ್ಟರೂ ಬಿಟ್ಟಾರು ಎಂದುಕೊಂಡೆ. ಅಡಿಟಿಪ್ಪಣಿಯಲ್ಲಿ ಒಂದು ಕಾಮಾ ಬಿಡದವರು!

ಅವರ ಮನೆಯ ಹಜಾರದಲ್ಲಿ ಚಾಪೆ ಹಾಸಿದ್ದರು. ಮೇಡಂ ಓದತೊಡಗಿದರು. ಎರಡನೆಯ ಪುಟದಲ್ಲಿ ಆ ಸಾಲು ಬಂತು. ‘ಅಕ್ಕತಂಗಿಯರಂತೆ’ ಎಂದು ಓದಿದವರು ಹಾಳೆಯನ್ನು ಕಣ್ಣ ಹತ್ತಿರಕ್ಕೆ ಹಿಡಿದರು.

ಅಷ್ಟರಲ್ಲಿ ಗಂಡನ ಮನೆ ಬಿಟ್ಟು ಬಂದಿದ್ದ ದೊಡ್ಡವರು ಕೇಳಿದರು: “ಅಕ್ಕತಂಗೀರಾ? ಯಾರವ್ವ ಅಕ್ಕತಂಗೀರು?”

“ತಪ್ಪು ನಂದು ಕಣಮ್ಮ. ನೋಡ್ದೆ ತಂದುಬಿಟ್ಟೆ,” ಎಂದರು ಮೇಡಂ.

ನನ್ನ ಕಡೆ ತಿರುಗಿಯೂ ನೋಡಲಿಲ್ಲ. ಅದನ್ನೇ ನನಗೆ ತಡೆಯಲಾಗಲಿಲ್ಲ. “ನಾನೇ ಬದಲಾಯಿಸಿದ್ದು,” ಎಂದೆ. “ನಿಮಗೆ ತೊಂದರೆಯಾಗಬಾರದು ಅಂತ...”

“ಅಲ್ಲ ಕಣವ್ವ,” ಎಂದರು ದೊಡ್ಡವರು. ಕೋಪವಿರಲಿಲ್ಲ, ಮಗುವಿಗೆ ಕೇಳುವಂತೆ ಕೇಳಿದರು. “ನಿಮ್ಮೂರಲ್ಲಿ ಅಕ್ಕನ್ ಜೊತೇಲಿರಾಕೆ ಯಾರಾರಾ ಗಂಡನ್ ಮನೆ ಬುಟ್ಟು ಬಂದವ್ರಾ? ನನ್ ಗಂಡ ಊರ್ ನ್ಯಾಯ ಸೇರ್ಸಿದ್ದ. ಅಷ್ಟೂ ಜನದ್ ಮುಂದೆ ನಿಂತ್ಕಂಡು, ಬಾಳುದ್ರೆ ಇವ್ಳ್ ಜೊತೆ ಬಾಳ್ತೀನಿ ಅಂತ ಯೋಳಿವ್ನಿ. ನೀನು ಅಕ್ಕತಂಗಿ ಅಂದ್ಬುಟ್ರೆ ಆ ಮಾತು ಎಲ್ಲೋಯ್ತು?”

ಊರಿನವರ ಎದುರು ಅವರು ಬಾಯಿಬಿಟ್ಟು ಆಡಿದ ಮಾತನ್ನು ನಾನು ಕಿಟಕಿ ಮುಚ್ಚಿಕೊಂಡು ಕಾಗದದ ಮೇಲೂ ಒತ್ತಲಾರದೆ ಹೋಗಿದ್ದೆ.

“ಊರ್ ಹೆಸ್ರು ಬ್ಯಾಡ, ನಮ್ ಹೆಸ್ರು ಬ್ಯಾಡ. ಮಿಕ್ಕಿದ್ದು ಇದ್ದಂಗೆ ಇರ್ಲಿ,” ಎಂದರು.

“ಪಾಪ, ಬುಡಮ್ಮಿ,” ಎಂದು ಒಳಗೆ ಅಡುಗೆ ಮಾಡುತ್ತಿದ್ದ, ಇಬ್ಬರಲ್ಲಿ ಚಿಕ್ಕವರು ಕೂಗಿದರು. “ಎದ್ರಿಕಂಡ್ ಎದ್ರಿಕಂಡು ಎಂಗೆ ಬಡಕಲಾಗವ್ಳೆ ನೋಡು. ಇನ್ನೊಂದ್ ಮುದ್ದೆ ಜಾಸ್ತಿ ಕಟ್ತೀನಿ.”

ನಾನು ಬಡಕಲಿ ಎಂದು ಕರೆಸಿಕೊಂಡಿದ್ದು ಜೀವಮಾನದಲ್ಲಿ ಅದೊಂದೇ ಸಲ.

ಮೇಡಂ ತಮ್ಮ ಪೆನ್ನನ್ನು ನನ್ನ ಕೈಗೆ ಕೊಟ್ಟರು. “ಎಷ್ಟು ಕಡೆ?”

“ಒಂಬತ್ತು.”

“ನೀವೇ ತಿದ್ದಿ. ತಿದ್ದಿ, ಓದಿ. ಗಟ್ಟಿಯಾಗಿ ಓದಿ.”

ಅಕ್ಕತಂಗಿಯರನ್ನು ಹೊಡೆದುಹಾಕಿ ಮೇಲೆ ಬರೆದೆ. ಆಮೇಲೆ ಓದಿದೆ: ಗಂಡನ ಮನೆ ಬಿಟ್ಟ ದಿನ ಅವರು ಕೆಂಪು ಸೀರೆಯಲ್ಲಿ ಬಂದು ಬಾಗಿಲಲ್ಲಿ ನಿಂತರು, ಅಂದಿನಿಂದ ಇಬ್ಬರೂ ಗಂಡಹೆಂಡಿರಂತೆ ಬಾಳಿದರು.

“ಕೆಂಪಲ್ಲ, ಅಸುರು,” ಎಂದರು ಚಿಕ್ಕವರು ಮುದ್ದೆ ಕೋಲು ಹಿಡಿದೇ ಹೊರಗೆ ಬಂದು.

“ಕೆಂಪು ಕಣಮ್ಮಿ! ನಾನ್ ಉಟ್ಟಿದ್ ಸೀರೆ ನಂಗೊತ್ತಿಲ್ವಾ?”

“ಉಟ್ಟವ್ಳಿಗೇನ್ ಗೊತ್ತು? ಕುರಿ ಕಟ್ತಿದ್ದೆ, ತಲೆ ಎತ್ತಿ ನೋಡ್ದೆ. ಅಸುರು. ಇವತ್ಗೂ ಕಣ್ಣಲ್ಲದೆ.”

ದೊಡ್ಡವರು ಬಾಯಿ ತೆರೆದವರು ಹಾಗೇ ಮುಚ್ಚಿಕೊಂಡರು. ಇಪ್ಪತ್ತೈದು ವರ್ಷದಲ್ಲಿ ಇದನ್ನು ಅವರು ಕೇಳಿರಲಿಲ್ಲವೆಂದು ತೋರುತ್ತದೆ. ಮೇಡಂ ತಡಕಾಡಿ ಇನ್ನೊಂದು ಪೆನ್ನು ತೆಗೆದು ಬರೆದುಕೊಂಡರು.

“ಸೀರೆ ವಿಚಾರ ಆಮ್ಯಾಕೆ,” ಎಂದರು ದೊಡ್ಡವರು, ಸೆರಗು ಸರಿಮಾಡಿಕೊಂಡು. “ನೀನು ಮುಂದಕ್ಕೆ ಓದವ್ವ.”

ಇನ್ನೂ ಎಂಟು ಕಡೆ ಬಾಕಿ ಇತ್ತು. ಓದಿದೆ.