ಹೆಸರಿನ ಪಕ್ಕದ ಎರಡು

ಚಿಕ್ಕಮ್ಮನ ಮನೆಯ ಕಂಪ್ಯೂಟರಿನ ಮೌಸು ಹಾಲಿನ ಬಣ್ಣದ್ದು. ಅದರ ಎಡಗುಂಡಿಯ ಮೇಲೆ ಮಾತ್ರ ತೋರುಬೆರಳಿನ ಅಳತೆಯ ಅರಿಶಿನದ ಕಲೆ. ಒಗ್ಗರಣೆ ಮುಗಿಸಿ, ಕೈ ತೊಳೆದು, ಸೆರಗಿಗೆ ಒರೆಸಿಕೊಂಡು ಬಂದು ಕೂತರೂ ಅವಳ ಉಗುರಿನ ಸಂದಿಯಲ್ಲಿ ಹಳದಿ ಉಳಿದೇ ಇರುತ್ತಿತ್ತು. ಅವಳು ಹೋದ ಮೇಲೆ ಯಾರೋ ಆ ಮೌಸನ್ನು ಒದ್ದೆ ಬಟ್ಟೆಯಲ್ಲಿ ಉಜ್ಜಿ ಬಿಳಿ ಮಾಡಿಟ್ಟಿದ್ದರು. ಒಳ್ಳೆಯ ಮನಸ್ಸಿನಿಂದಲೇ ಮಾಡಿರಬೇಕು. ಆ ಮನೆಯಲ್ಲಿ ಅವಳಿಗೆ ಆದದ್ದೆಲ್ಲ ಒಳ್ಳೆಯ ಮನಸ್ಸಿನಿಂದಲೇ ಆದದ್ದು.

ಅವಳು ನನ್ನ ತಾಯಿಯ ಕೊನೆಯ ತಂಗಿ. ಹೊಳೆನರಸೀಪುರದಲ್ಲಿ ತಾತನ ಮನೆಯೂ ನಮ್ಮ ಮನೆಯೂ ಒಂದೇ ಬೀದಿಯಲ್ಲಿದ್ದವು. ನನಗೆ ಜಡೆ ಹೆಣೆದವಳು, ಸೈಕಲ್ ಹೊಡೆಯಲು ಕಲಿಸಿದವಳು ಅವಳೇ. ಜಗಲಿಯ ಮೇಲೆ ಸೀಮೆಸುಣ್ಣದಲ್ಲಿ ಮನೆ ಬರೆದು ನಾವಿಬ್ಬರೂ ಚೌಕಾಬಾರ ಆಡುತ್ತಿದ್ದೆವು. ಒಂದು ಸಲವೂ ಅವಳು ಬೇಕೆಂದೇ ಸೋತು ನನ್ನನ್ನು ಗೆಲ್ಲಿಸಲಿಲ್ಲ. "ಮಗು ಕಣೇ ಅದು, ಒಂದಾಟ ಬಿಟ್ಟುಕೊಡಬಾರದೇ?" ಎಂದು ಅಜ್ಜಿ ಒಳಗಿನಿಂದ ಕೂಗಿದರೆ, "ಬಿಟ್ಟುಕೊಟ್ರೆ ಅದು ಆಡೋದು ಕಲಿಯೋದು ಯಾವಾಗ?" ಎನ್ನುತ್ತ ನನ್ನ ಕಾಯಿಯನ್ನು ಹೊಡೆಯುತ್ತಿದ್ದಳು.

ಅವಳ ಹೆಸರನ್ನು ನಾನಿಲ್ಲಿ ಬರೆಯುವುದಿಲ್ಲ. ಅವಳಿಗೆ ಎರಡು ಹೆಸರಿದ್ದವು. ಒಂದು ತಾತ ಇಟ್ಟದ್ದು, ಇನ್ನೊಂದು ಗಂಡನ ಮನೆಯವರು ಇಟ್ಟದ್ದು. ಎರಡನೆಯದನ್ನು ಬರೆಯಲು ನನಗೆ ಮನಸ್ಸಿಲ್ಲ. ಮೊದಲನೆಯದು ನನ್ನ ಕಾವಲಿನಲ್ಲಿದೆ. ಹೇಗೆ ನನ್ನ ಕೈಗೆ ಬಂತೆಂದು ಹೇಳುತ್ತೇನೆ.

ತೊಂಬತ್ತರ ದಶಕದಲ್ಲಿ ಅವಳನ್ನು ಹಾಸನಕ್ಕೆ ಕೊಟ್ಟರು. ಚಿಕ್ಕಪ್ಪನಿಗೆ ಚನ್ನರಾಯಪಟ್ಟಣದ ಬ್ಯಾಂಕೊಂದರಲ್ಲಿ ಕೆಲಸ, ದಿನಾ ಬಸ್ಸಿನಲ್ಲಿ ಹೋಗಿ ಬರುತ್ತಿದ್ದರು. ಜಾತಕ ಕೂಡಿತ್ತು, ಒಂದೇ ಒಂದು ತೊಡಕು. ಹುಡುಗಿಯ ಹೆಸರೂ ಹುಡುಗನ ತಾಯಿಯ ಹೆಸರೂ ಒಂದೇ. "ಮಗ ಹೆಂಡ್ತೀನ ತಾಯಿ ಹೆಸರು ಹಿಡಿದು ಕೂಗೋಕಾಗತ್ಯೇ?" ಎಂದು ಹುಡುಗನ ಸೋದರಮಾವ ನಕ್ಕರು. ನಮ್ಮ ತಾತನೂ ನಕ್ಕರು. ಆ ನಗುವಿನಲ್ಲೇ ಹೆಸರು ಹೋಯಿತು.

ಮದುವೆಯಲ್ಲಿ ಬೆಳ್ಳಿತಟ್ಟೆಯಲ್ಲಿ ಅಕ್ಕಿ ಹರಡಿ ತಂದರು. ಚಿಕ್ಕಪ್ಪ ಉಂಗುರ ಹಿಡಿದು ಅಕ್ಕಿಯ ಮೇಲೆ ಹೊಸ ಹೆಸರು ಬರೆದರು. ಚಿಕ್ಕಮ್ಮ ತಟ್ಟೆಯ ಆಚೆ ಬದಿಯಲ್ಲಿದ್ದಳು, ಅವಳಿಗೆ ಅಕ್ಷರಗಳು ತಲೆಕೆಳಗಾಗಿ ಕಂಡವು. ನನ್ನ ಕಿವಿಯ ಹತ್ತಿರ ಬಗ್ಗಿ, "ಏನೇ ಬರ್ದಿದ್ದು? ನೀನು ಓದಿ ಹೇಳೇ," ಎಂದಳು. ಓದಿ ಹೇಳಿದೆ. ಯಾರದೋ ಹೆಸರು ಕೇಳಿಸಿಕೊಂಡಂತೆ "ಹೌದಾ?" ಎಂದಳು, ಅಷ್ಟೆ. ಆಮೇಲೆ ಯಾರೋ ತಟ್ಟೆ ಎತ್ತಿದರು. ಅಕ್ಕಿ ಜರುಗಿ ಹೆಸರು ಅಳಿಸಿಹೋಯಿತು. ಅಲ್ಲಿಗೇ ಮುಗಿದಿದ್ದರೆ ಚೆನ್ನಾಗಿತ್ತು.

ಎರಡು ಸಾವಿರದ ಇಸವಿ ಕಳೆದು ಕೆಲವು ವರ್ಷಕ್ಕೆ ಅವರ ಮನೆಗೆ ಕಂಪ್ಯೂಟರ್ ಬಂತು, ಇಂಟರ್ನೆಟ್ಟೂ ಬಂತು. ಮಗನ ಓದಿಗೆಂದು ತಂದದ್ದು. ಅವನು ಓದುವುದು ಬಿಟ್ಟು ಒಂದು ಆಟಕ್ಕೆ ಬಿದ್ದ. ದೇಶದೇಶದವರು ಸೇರಿ ಆಡುವ ಆಟ. ಒಬ್ಬೊಬ್ಬರಿಗೆ ಒಂದೊಂದು ಊರು. ಹೊಲ ಮಾಡಬೇಕು, ಕಣಜ ತುಂಬಬೇಕು, ಗೋಡೆ ಎಬ್ಬಿಸಬೇಕು. ಮೈಮರೆತರೆ ಯಾರಾದರೂ ದಂಡು ಕಳಿಸಿ ಲೂಟಿ ಮಾಡುತ್ತಾರೆ. ಮಗನ ಬೆನ್ನ ಹಿಂದೆ ನಿಂತು ನೋಡಿ ನೋಡಿ ಚಿಕ್ಕಮ್ಮ ಒಂದು ಮಧ್ಯಾಹ್ನ, ಅತ್ತೆ ಮಲಗಿದ ಹೊತ್ತಿನಲ್ಲಿ, ತಾನೇ ಕೂತಳು.

"ಮೊದಲು ಹೆಸರು ಕೇಳ್ತು ಕಣೇ," ಎಂದು ಆಮೇಲೆ ನನಗೆ ಫೋನಿನಲ್ಲಿ ಹೇಳಿದಳು. "ನಿನ್ನ ಹೆಸರೇನಮ್ಮ ಅಂತ ಯಾರಾದ್ರೂ ನನ್ನ ಕೇಳಿ ಎಷ್ಟು ಕಾಲ ಆಗಿತ್ತು ಹೇಳು. ಕೈ ತಾನೇ ಬರೀತು."

ಅವಳ ಕೈ ಬರೆದದ್ದು ತಾತ ಇಟ್ಟ ಹೆಸರನ್ನು.

ನನ್ನನ್ನೂ ಆಟಕ್ಕೆ ಎಳೆದಳು. ನನಗಾಗ ಹೊಳೆನರಸೀಪುರದಲ್ಲೇ ಒಂದು ಸಣ್ಣ ಕೆಲಸ. ಸಂಜೆ ಬಸ್ ನಿಲ್ದಾಣದ ಹಿಂದಿನ ಬ್ರೌಸಿಂಗ್ ಸೆಂಟರಿನಲ್ಲಿ ಕೂತು ಆಡುತ್ತಿದ್ದೆ. ಅವಳ ಊರು ನೋಡಿದರೆ ಅಚ್ಚರಿಯಾಗುತ್ತಿತ್ತು. ಎಲ್ಲರೂ ಮೊದಲು ಸೈನಿಕರನ್ನು ಮಾಡಿಕೊಂಡರೆ ಇವಳು ಕಣಜ ಕಟ್ಟಿದಳು. "ಊಟಕ್ಕಿಲ್ದೆ ಇರೋ ದಂಡು ಎಷ್ಟು ದಿನ ನಿಲ್ಲತ್ತೆ?" ಎನ್ನುತ್ತಿದ್ದಳು. ತಾನಾಗಿ ಯಾರ ಮೇಲೂ ಹೋಗುತ್ತಿರಲಿಲ್ಲ. ಕೆಣಕಿದವರನ್ನು ಬಿಡುತ್ತಲೂ ಇರಲಿಲ್ಲ. ಯಾವುದೋ ದೇಶದವನೊಬ್ಬ ಸೋತು ಸಾಕಾಗಿ, ನೀವು ಯಾವ ಕಂಪನಿಯಲ್ಲಿ ಕೆಲಸ ಮಾಡುತ್ತೀರಿ ಎಂದು ಇಂಗ್ಲಿಷಿನಲ್ಲಿ ಕೇಳಿದ್ದ. ಅದನ್ನು ಹೇಳಿಕೊಂಡು ವಾರಗಟ್ಟಲೆ ನಕ್ಕಳು. ಆ ನಗು ಚೌಕಾಬಾರದ ಜಗಲಿಯದು. ಮದುವೆಯಾದ ಮೇಲೆ ಅದನ್ನು ನಾನು ಕೇಳಿರಲಿಲ್ಲ.

ಒಂದು ಅವರೆಕಾಯಿ ಕಾಲದಲ್ಲಿ ನಾನು ಹಾಸನಕ್ಕೆ ಹೋಗಿದ್ದೆ. ಭಾನುವಾರ. ಚಿಕ್ಕಮ್ಮ ಅಡುಗೆಮನೆಯಲ್ಲಿದ್ದಳು. ಅವಳ ಅತ್ತೆ ನಡುಮನೆಯಲ್ಲಿ ಕೂತು ನೆನೆಸಿದ ಅವರೆಕಾಳು ಹಿಸುಕುತ್ತಿದ್ದರು. ಮಗ ಅಮ್ಮನ ಆಟ ತೆಗೆದು ನೋಡುತ್ತಿದ್ದವನು ಒಮ್ಮೆಗೇ ಎದ್ದು, ಆ ಹೆಸರು ಹಿಡಿದು, "ಸತ್ತುಹೋದ್ಲು! ಸತ್ತುಹೋದ್ಲು! ಎಲ್ಲಾ ಲೂಟಿ ಆಗೋಯ್ತು!" ಎಂದು ಕುಣಿಯುತ್ತ ನಡುಮನೆಗೆ ಓಡಿಬಂದ.

ಅದೇ ಹೊತ್ತಿಗೆ ಪಕ್ಕದ ಮನೆಯಾಕೆ ಅರಿಶಿನ ಕುಂಕುಮಕ್ಕೆ ಕರೆಯಲು ಬಂದು ಬಾಗಿಲಲ್ಲಿ ನಿಂತಿದ್ದರು. "ಅಯ್ಯೋ! ಯಾವಾಗ?" ಎಂದು ಎದೆಗೆ ಕೈಯಿಟ್ಟುಕೊಂಡರು.

ಚಿಕ್ಕಮ್ಮನ ಅತ್ತೆ ತಲೆಯೆತ್ತಿ, "ಇನ್ನೂ ಇಲ್ಲ ಕಣ್ರೀ, ಒಳಗೆ ಬನ್ನಿ," ಎಂದರು.

ನಾವೆಲ್ಲ ನಕ್ಕೆವು, ಅತ್ತೆಯೂ ನಕ್ಕರು. ನಗದವರು ಚಿಕ್ಕಪ್ಪ. ಪಕ್ಕದ ಮನೆಯಾಕೆ ಹೋಗುವವರೆಗೆ ಕಾದು, ಕಂಪ್ಯೂಟರಿನ ಮುಂದೆ ನಿಂತು ಹೆಂಡತಿಯನ್ನು ಕರೆದರು.

"ಇಲ್ಲಿ ಅಮ್ಮನ ಹೆಸರು ಯಾಕಿದೆ?"

"ಅಮ್ಮಂದಲ್ಲ. ನಂದು."

"ನಿಂದು ಅಂದ್ರೆ?"

"ನಂದು ಅಂದ್ರೆ ನಂದು. ಹುಟ್ಟಿದಾಗ ಇಟ್ಟಿದ್ದು."

"ಅದು ಹಳೇ ಮಾತು. ದಿನಾ ಅಮ್ಮ ಸತ್ತಳು, ಅಮ್ಮ ಲೂಟಿ ಆದಳು ಅಂತ ಕೇಳಬೇಕಾ ನಾನು? ಬದಲಾಯಿಸು."

"ಅಯ್ಯೋ, ಬರೀ ಆಟ ಅಲ್ವೇ ಅದು."

"ಆಟ ಅಂದಮೇಲೆ ಬದಲಾಯ್ಸೋಕೇನು?"

ಈ ಮಾತು ನನ್ನ ಕಿವಿಯಲ್ಲಿ ಇನ್ನೂ ಇದೆ. ಆಟವೇ ಆಗಿದ್ದರೆ ನಿಮಗೇನು ಕಷ್ಟವಾಗಿತ್ತು ಎಂದು ಅಲ್ಲೇ ಯಾರಾದರೂ ಕೇಳಬೇಕಿತ್ತು. ಅವಳು ಬೇಡಿದರೆ ಅದು ಆಟ, ತಮಗೆ ಚುಚ್ಚಿದರೆ ಮಾನ. ಹೀಗೆ ಎರಡೂ ಕಡೆಯಿಂದ ಗೆಲ್ಲುವ ಆಟವನ್ನು ಚಿಕ್ಕಮ್ಮನಿಗೆ ಯಾರೂ ಕಲಿಸಿರಲಿಲ್ಲ.

ಅವಳು ಕೂತಳು. ಅವರು ಕುರ್ಚಿಯ ಹಿಂದೆ ನಿಂತು, ಅಕ್ಕಿಯಲ್ಲಿ ಬರೆದ ಹೆಸರನ್ನು ಹಾಕಲು ಹೇಳಿದರು. ಹಾಕಿದಳು. ಆ ಹೆಸರು ಆಗಲೇ ಬೇರೆ ಯಾರದೋ ಆಗಿದೆ, ಪಕ್ಕದಲ್ಲಿ ಒಂದು ಅಂಕಿ ಸೇರಿಸಿ ನೋಡಿ ಎಂದು ಪರದೆಯ ಮೇಲೆ ಬಂತು. "ಎರಡು ಹಾಕು," ಎಂದರು ಚಿಕ್ಕಪ್ಪ. ಚಿಕ್ಕಮ್ಮ ಎರಡು ಒತ್ತಿದಳು. ಯೂಸರ್‌ನೇಮ್ ಬದಲಿಸಲು ಒಂದೇ ಅವಕಾಶ, ಮತ್ತೆ ಆಗದು, ಬಿಟ್ಟ ಹೆಸರನ್ನು ಬೇರೆ ಯಾರು ಬೇಕಾದರೂ ಇಟ್ಟುಕೊಳ್ಳಬಹುದು ಎಂದು ಆಟ ಇನ್ನೊಮ್ಮೆ ಎಚ್ಚರಿಸಿತು. ಅವಳ ಬೆರಳು ನಿಂತಿತು. ಚಿಕ್ಕಪ್ಪ ಬಗ್ಗಿ, ಅವಳ ಬೆರಳಿನ ಮೇಲೆ ತಮ್ಮ ಬೆರಳಿಟ್ಟು ಅಮುಕಿದರು.

ಮದುವೆಯಲ್ಲಿಯಾದರೂ ಮಂತ್ರ ಹೇಳಿದ್ದರು.

ಅಡುಗೆಮನೆಯಲ್ಲಿ ಅವಳು ಅಳುತ್ತಿರಬಹುದೆಂದು ಹೋದೆ. ಅಕ್ಕಿ ತೊಳೆಯುತ್ತಿದ್ದಳು. "ನೋಡ್ದೇನೇ? ಅವರಿಟ್ಟ ಹೆಸರಲ್ಲೂ ನಾನು ಎರಡನೇವಳು," ಎಂದಳು. ಆಮೇಲೆ ದನಿ ತಗ್ಗಿಸಿ, "ಆ ಹೆಸರು ಈಗ ಬೀದೀಲಿ ಬಿದ್ದಿದೆ. ಯಾರಾದ್ರೂ ಎತ್ಕೊಳ್ಳೋದ್ರೊಳಗೆ ನೀನು ತೊಗೊ. ಇಲ್ಲಿ ಬೇಡ, ಮತ್ತೆ ಗೊತ್ತಾದ್ರೆ ರಗಳೆ. ಊರಿಗೆ ಹೋಗಿ ಮಾಡು," ಎಂದಳು.

ಮಾರನೆಯ ದಿನ ಮೊದಲ ಬಸ್ಸಿಗೆ ಹೊರಟೆ. ಇಳಿದವಳು ಮನೆಗೂ ಹೋಗದೆ ನೇರ ಬ್ರೌಸಿಂಗ್ ಸೆಂಟರಿಗೆ ನಡೆದೆ. ಸೆಂಟರಿನವನು ಬಾಗಿಲಲ್ಲೇ ನಿಂತಿದ್ದ.

"ಏನಕ್ಕಾ, ಬ್ಯಾಗ್ ಸಮೇತ ಬಂದ್ಬುಟ್ರಿ? ಮನೆ ಬುಟ್ಟು ಬಂದ್ರಾ?"

"ಅರ್ಜೆಂಟ್ ಇದೆ, ಒಂದು ಸಿಸ್ಟಮ್ ಕೊಡಪ್ಪ."

"ಕರೆಂಟೇ ಇಲ್ವಲ್ಲಕ್ಕಾ. ಕುಂತ್ಕಳಿ, ಬತ್ತದೆ. ಎಲ್ಲಿಗ್ ಓದಾತು?"

ಬೆಂಚಿನ ಮೇಲೆ ಕೂತೆ. ಕರೆಂಟು ಎಲ್ಲಿಗೂ ಹೋಗದಿರಬಹುದು, ಹೆಸರು ಹೋಗುತ್ತದಲ್ಲ. ಈ ಹೊತ್ತಿನಲ್ಲಿ ಯಾವ ದೇಶದಲ್ಲಿ ಯಾವ ಹುಡುಗ ತಮಾಷೆಗೆಂದು ಆ ಅಕ್ಷರಗಳನ್ನು ಒತ್ತುತ್ತಿದ್ದಾನೋ ಎಂದುಕೊಳ್ಳುತ್ತ ಮೇಲಿನ ಪಂಖವನ್ನೇ ನೋಡುತ್ತಿದ್ದೆ. ಪಂಖ ತಿರುಗಿದ್ದೇ ಎದ್ದು ಹೋಗಿ, ನನ್ನ ಹೆಸರು ತೆಗೆದು ಅವಳ ಹೆಸರು ಹಾಕಿದೆ. ಇನ್ನೂ ಯಾರೂ ಎತ್ತಿಕೊಂಡಿರಲಿಲ್ಲ. ನನಗಿದ್ದ ಒಂದೇ ಅವಕಾಶ ಅಲ್ಲಿಗೆ ಮುಗಿಯಿತು. ಹೋಗಲಿ, ಅದು ಇದ್ದದ್ದೇ ಇದಕ್ಕೆ ಎನಿಸಿತು.

ಅಂದು ಮಧ್ಯಾಹ್ನದಿಂದ ಅವಳು ಆಟದೊಳಗಿನಿಂದ ನನಗೆ ಸಂದೇಶ ಕಳಿಸತೊಡಗಿದಳು. ಪ್ರತಿಯೊಂದರಲ್ಲೂ ನನ್ನನ್ನು ಆ ಹೆಸರಿನಿಂದಲೇ ಕರೆಯುತ್ತಿದ್ದಳು. "ಏನಮ್ಮಾ, ಊಟ ಆಯ್ತಾ? ಕಣಜ ತುಂಬ್ತಾ? ಯಾರಾದ್ರೂ ಕೆಣಕಿದ್ರಾ?" ತನ್ನ ಹೆಸರನ್ನು ತಾನೇ ಕರೆದು ಮಾತಾಡಿಸುವ ಸುಖ ಅದು. ಮಗನಿಗೂ ಗಂಡನಿಗೂ ಈ ವಿಷಯ ಗೊತ್ತಿರಲಿಲ್ಲ.

ಎರಡು ಮೂರು ವರ್ಷ ಹೀಗೆ ನಡೆಯಿತು. ಒಂದು ಬೆಳಗ್ಗೆ ಕಾಫಿಗೆ ಹಾಲಿಡುವಾಗ ಅಡುಗೆಮನೆಯಲ್ಲಿ ಬಿದ್ದಳು. ಸಂಜೆ ಆಸ್ಪತ್ರೆಯಲ್ಲಿ ತೀರಿಕೊಂಡಳು. ನಾನು ತಲುಪುವಷ್ಟರಲ್ಲಿ ಎಲ್ಲ ಮುಗಿದಿತ್ತು.

ಪತ್ರಿಕೆಯಲ್ಲಿ ಶ್ರದ್ಧಾಂಜಲಿ ಹಾಕಿಸಿದರು. ದಪ್ಪಕ್ಷರದಲ್ಲಿ ಅಕ್ಕಿಯ ಹೆಸರು. ಕಂಸದಲ್ಲಾದರೂ ತವರಿನ ಹೆಸರು ಹಾಕಿಸಿ ಎಂದು ನನ್ನ ತಾಯಿ ಕೇಳಿದರು. "ಅಮ್ಮ ಬದುಕಿರುವಾಗ ಆ ಹೆಸರನ್ನ ಶ್ರದ್ಧಾಂಜಲೀಲಿ ಹಾಕೋದಾ?" ಎಂದರು ಚಿಕ್ಕಪ್ಪ. ಮಾತು ಸರಿಯಾಗಿಯೇ ಇತ್ತು. ಅವರ ಮಾತು ಯಾವಾಗಲೂ ಸರಿಯಾಗಿಯೇ ಇರುತ್ತಿತ್ತು.

ವೈಕುಂಠ ಸಮಾರಾಧನೆಯ ದಿನ ಊಟವಾದ ಮೇಲೆ ಚಿಕ್ಕಮ್ಮನ ಅತ್ತೆ ನನ್ನನ್ನು ಹಿತ್ತಲಿಗೆ ಕರೆದು ಪಕ್ಕದಲ್ಲಿ ಕೂರಿಸಿಕೊಂಡರು. "ಅವತ್ತು ನಾನು ಬಾಯಿ ಬಿಡಬೇಕಿತ್ತು ಕಣೇ," ಎಂದರು. "ಆ ಹೆಸರು ನಂದೂ ಅಲ್ಲ. ನನಗೂ ಈ ಮನೆಗೆ ಬಂದಮೇಲೆ ಇಟ್ಟಿದ್ದು."

"ಮತ್ತೆ ನಿಮ್ಮದು ಏನಿತ್ತಜ್ಜಿ?"

"ಕರೆಯೋರು ಒಬ್ಬರೂ ಉಳಿದಿಲ್ಲ. ಹೇಳಿ ಏನು ಮಾಡ್ಲಿ?"

ನನಗೆ ಕನಿಕರ ಬರಬೇಕಿತ್ತು. ಬಂದದ್ದು ಮೈಯೆಲ್ಲ ಉರಿಯುವಂಥ ಸಿಟ್ಟು. ಈ ಮುದುಕಿಯದೂ ಅಲ್ಲದ ಹೆಸರಿಗೆ ಜಾಗ ಮಾಡಿಕೊಡಲು, ಮಗುವಿಗೂ ಒಂದಾಟ ಬಿಟ್ಟುಕೊಡದ ನನ್ನ ಚಿಕ್ಕಮ್ಮ ತನ್ನ ಹೆಸರನ್ನು ಎರಡು ಸಲ ಬಿಟ್ಟುಕೊಟ್ಟಿದ್ದಳು.

ಅದಾಗಿ ತಿಂಗಳ ಮೇಲೆ ನಮ್ಮೂರ ಬಸ್ ನಿಲ್ದಾಣದಲ್ಲಿ ಅವಳ ಜೊತೆ ಓದಿದ್ದವರು ಸಿಕ್ಕರು. ಅರಕಲಗೂಡಿಗೆ ಕೊಟ್ಟಿದ್ದ ಗೌಡರ ಮನೆಯ ಹೆಣ್ಣುಮಗಳು. ದೂರದಿಂದಲೇ ಚಿಕ್ಕಮ್ಮನ ತವರಿನ ಹೆಸರು ಹೇಳಿ, "ಎಂಗವ್ಳೆ ಕಣವ್ವ? ಆಸನದಾಗೆ ಮನೆ ಎಲ್ಲೈತೆ ಅಂತ್ಲೂ ಗೊತ್ತಿಲ್ಲ ನಂಗೆ," ಎಂದರು.

ಹೇಳಿದೆ. ಅವರು ಚೀಲ ಕೆಳಗಿಟ್ಟು ಹಾಗೇ ಕೂತುಬಿಟ್ಟರು.

"ಪೇಪರ್ನಾಗೆ ಆಕ್ಸಿರ್ಲಿಲ್ವಾ? ನಾನು ದಿನಾ ನೋಡ್ತೀನಲ್ಲವ್ವ."

"ಹಾಕಿಸಿದ್ರು," ಎಂದು ಅಚ್ಚಾಗಿದ್ದ ಹೆಸರು ಹೇಳಿದೆ.

"ಅದ್ಯಾರು?" ಎಂದರು ಅವರು.

ಅಂದು ಸಂಜೆ ಬ್ರೌಸಿಂಗ್ ಸೆಂಟರಿಗೆ ಹೋದೆ. ಅವಳು ಸತ್ತ ಮೇಲೆ ಹೋಗಿರಲಿಲ್ಲ. ಅವಳ ಊರು ಲೂಟಿಯಾಗಿ, ಕಣಜ ಬರಿದಾಗಿ, ಹೆಸರಿನ ಪಕ್ಕದ ಎರಡು ಹಾಗೇ ನಿಂತಿತ್ತು. ನನಗೊಂದು ಸಂದೇಶ ಬಂದಿತ್ತು. ಕಳಿಸಿದ್ದು ಅವಳ ಮಗ, ತನ್ನದೇ ಖಾತೆಯಿಂದ. ನಾನು ಯಾರೆಂದು ತಿಳಿಯದೆ, ಇಂಗ್ಲಿಷ್ ಅಕ್ಷರದಲ್ಲಿ ಕನ್ನಡ ಬರೆದಿದ್ದ.

"ಯಾರ್ರೀ ನೀವು? ಈ ಹೆಸರು ಯಾಕೆ ಇಟ್ಕೊಂಡಿದ್ದೀರ? ಇದು ನಮ್ಮಮ್ಮನ ಹೆಸರು. ಮರ್ಯಾದೆಯಾಗಿ ಬಿಟ್ಟುಬಿಡಿ."

ಅದನ್ನು ಮತ್ತೊಮ್ಮೆ ಓದಿದೆ. "ಅಕ್ಕಾ, ಬಾಗ್ಲಾಕ್ತೀನಿ," ಎಂದು ಸೆಂಟರಿನವನು ಕೂಗಿದ.

"ನಾನು ಕಣೋ, ನಿನ್ನ ಹೊಳೆನರಸೀಪುರದ ಅಕ್ಕ," ಎಂದು ಉತ್ತರ ಬರೆದೆ. "ಇದು ನಿಮ್ಮಮ್ಮಂದೇ. ಅವಳೇ ಕೊಟ್ಟು ಹೋಗಿದ್ದಾಳೆ. ನೀನು ಬೈದರೂ ಬಿಡಲ್ಲ."

ಹೊರಗೆ ಬಂದು ಬೀದಿದೀಪದ ಕೆಳಗೆ ನಿಂತು, ಅವಳು ಹೋದ ಮೇಲೆ ಮೊದಲ ಸಲ ಅತ್ತುಬಿಟ್ಟೆ. ಆ ಮನೆಯಲ್ಲಿ ಕೊನೆಗೂ ಒಬ್ಬನಿಗೆ ಅವಳ ಹೆಸರಿಗಾಗಿ ಸಿಟ್ಟು ಬಂದಿತ್ತು.